ಎಮ್ಮೆಲ್ಲೆ ಸಾಹೇಬರ ಕಾರ್ಖಾನೆ

ಬಸ್ ನಿಲ್ದಾಣದಲ್ಲಿ ಚಪ್ಪಲಿ ಹೊಲಿಯುತ್ತಿದ್ದವನ ಕಿವಿಗೆ, ಬೆಂಚಿನ ಮೇಲೆ ಕೂತಿದ್ದ ಅತ್ತಿಗೆ-ನಾದಿನಿಯರ ಮಾತು ಬೇಡವೆಂದರೂ ಬೀಳುತ್ತಿತ್ತು.

"ಅತ್ತಿಗೆ, ಮಗೂಗೆ ಕೆಮ್ಮು ನಿಲ್ತಾ?"

"ಆ ಬಣ್ಣದ ಕಾರ್ಖಾನೆ ಹೊಗೆ ನಿಂತ್ರೆ ತಾನೇ! ಬೆಳಿಗ್ಗೆ ಅಲ್ಲಿಗೇ ಹೋಗಿ ಜಗಳ ಆಡಿದೆ. ಕಾರ್ಖಾನೆ ಯಜಮಾನರು, 'ಅದೆಲ್ಲ ಸರ್ಕಾರದ ವಿಷಯಮ್ಮ, ನಿಮ್ಮ ಎಮ್ಮೆಲ್ಲೇನ ಕೇಳಿ' ಅಂದ್ರು."

"ಎಮ್ಮೆಲ್ಲೇನೂ ಅವರೇ ಅಲ್ವಾ?"

"ಅವರೇ ಕಣೇ! ಶೆಡ್ಡಲ್ಲಿ ಬಣ್ಣ ಕಲಸ್ತಿದ್ದೋರನ್ನ ಮೂರು ಸಲ ಗೆಲ್ಲಿಸಿದ್ದೀವಲ್ಲ, ಅನುಭವಿಸಬೇಕು. ಸಾಯಂಕಾಲ ಅವರ ಎಮ್ಮೆಲ್ಲೆ ಆಫೀಸಿಗೂ ಹೋದೆ."

"ಬೈದ್ರಾ?"

"ಬೈದಿದ್ರೆ ಚೆನ್ನಾಗಿತ್ತು. ಕೂರಿಸಿ ಟೀ ಕೊಟ್ರು."

ಬಸ್ಸು ಬಂತು. ಅತ್ತಿಗೆ ಸೆರಗು ಸಿಕ್ಕಿಸಿಕೊಂಡು ಮೆಟ್ಟಿಲು ಹತ್ತುತ್ತಲೇ ಹೇಳಿದಳು:

"'ಏನ್ಮಾಡೋದಮ್ಮ, ಆ ಕಾರ್ಖಾನೆಯವರು ನನ್ನ ಮಾತನ್ನೂ ಕೇಳಲ್ಲ' ಅಂತ ನನಗೇ ಸಮಾಧಾನ ಹೇಳಿದ್ರು!"