ನಿಂಗಾಜಮ್ಮನ ಗುಳುಮಣೆ

ಕತೆ ಹೇಳ್ಬೇಕಾದ್ರೆ ಹೂಂಗುಟ್ಟೋರು ಬೇಕು. ಇದ್ದೀರಾ? ಇದ್ದೀರಿ. ತೂಕಡಿಸೋರು ಗೋಡೆ ಕಡೆಗೆ ಸರ್ಕೊಳ್ಳಿ, ನಡುವೆ ಪ್ರಶ್ನೆ ಕೇಳೋರು ನನ್ನ ಕಣ್ಣಿಗೆ ಕಾಣೋ ಹಾಗೆ ಕೂತ್ಕೊಳ್ಳಿ. ಹಾಂ, ಈಗ ಕೇಳಿ.

ಒಂದಾನೊಂದು ಸೀಮೆ. ಅದರ ಹೆಸರು ನಾನು ಹೇಳಲ್ಲ. ಹೇಳಿದ್ರೆ ಆ ಸೀಮೆಯವರು ಜಗಳಕ್ಕೆ ಬರ್ತಾರೆ. ಅಲ್ಲೊಬ್ಬ ರಾಜ. ಕೆಟ್ಟೋನೇನಲ್ಲ. ಅವನಿಗೆ ಇದ್ದದ್ದು ಒಂದೇ ಹುಚ್ಚು, ಪುಸ್ತಕದ ಹುಚ್ಚು. ಓದೋದಲ್ಲ, ಬರೆಸೋದು. ನಮ್ಮ ಸೀಮೆ ಮಾತೆಲ್ಲ ಒಂದೇ ನಿಘಂಟಿನಲ್ಲಿ ಇರಬೇಕು ಅಂತ ಮೂರು ಜನ ಪಂಡಿತರನ್ನ ಹನ್ನೆರಡು ವರ್ಷ ಅರಮನೆಯಲ್ಲಿ ಸಾಕಿದ. ಒಬ್ಬ ಗುಂಡಪಂಡಿತ, ಒಬ್ಬ ಸರಸಕವಿ, ಇನ್ನೊಬ್ಬ ರಾಜಗುರು ವಾಗೀಶ. ಮೂವರೂ ಅರಮನೆ ಹಜಾರ ಬಿಟ್ಟು ಕದಲಲಿಲ್ಲ. ಮತ್ತೆ ಸೀಮೆ ಮಾತನ್ನ ಯಾರನ್ನ ಕೇಳಿ ಬರೆದ್ರು? ಒಬ್ಬರನ್ನೊಬ್ಬರು ಕೇಳಿ ಬರೆದ್ರು! ತುಪ್ಪಕ್ಕೆ ಮೂವತ್ತಾರು ಹೆಸರು ಬಂತು. ಸಗಣಿಗೆ ಒಂದೂ ಬರಲಿಲ್ಲ.

ಪುಸ್ತಕ ಮುಗೀತು. ಎತ್ತಕ್ಕೆ ನಾಲ್ಕಾಳು ಬೇಕು. ರಾಜನಿಗೆ ಖುಷಿಯೋ ಖುಷಿ. ಊರೂರಿಗೆ ಡಂಗುರ ಹೊಡೆಸಿದ. "ಪುಸ್ತಕದಲ್ಲಿ ಇರೋದು ಉಂಟು, ಪುಸ್ತಕದಲ್ಲಿ ಇಲ್ಲದ್ದು ಇಲ್ಲ!" ಹಳೇ ಕಾಲದ ಹಕ್ಕು, ಮಾನ್ಯ, ಬಳುವಳಿ ಎಲ್ಲ ಪುಸ್ತಕಕ್ಕೆ ತಾಳೆ ನೋಡಿ ಅಂತ ಪಾರುಪತ್ಯಗಾರನನ್ನ ಕಳಿಸಿದ. ಪಾರುಪತ್ಯಗಾರ ಮುಂದೆ, ಪುಸ್ತಕ ಗಾಡಿ ಮೇಲೆ ಹಿಂದೆ.

ಹಾಗೆ ತಾಳೆ ನೋಡ್ತಾ ನೋಡ್ತಾ ಒಂದು ದೊಡ್ಡ ಕೆರೆ ಏರಿ ಮೇಲೆ ಬಂದ. ಏರಿ ಮೇಲೊಂದು ಗುಡಿಸಲು. ಅದರಲ್ಲಿ ನಿಂಗಾಜಮ್ಮ ಅಂತ ಒಬ್ಬಳೇ ಹೆಂಗಸು. ಐವತ್ತರ ಮೇಲಾಗಿದೆ. ಏರಿ ಕೆಳಗೆ, ತೂಬಿನ ಬುಡಕ್ಕೆ, ಅವಳದೊಂದು ತುಂಡು ಗದ್ದೆ. ಅವಳು ಉಣ್ಣೋ ಅನ್ನ ಅಷ್ಟರಲ್ಲೇ ಬೆಳೀಬೇಕು. ಗದ್ದೆ ಪಕ್ಕದಲ್ಲಿ ಒಂದು ಕಲ್ಲು. ಕಲ್ಲಿನ ಮೇಲೆ ಈ ರಾಜನ ಮುತ್ತಾತ ಕೆತ್ತಿಸಿದ ಮಾತು: "ಈ ಕೆರೆಯ ಗುಳುಮಣೆಯು ಮಾಳವ್ವೆಯ ಹೆಣ್ಣು ಸಂತತಿಗೆ ಸಲ್ಲುವುದು. ಅದರ ಸಲುವಾಗಿ ಈ ಗದ್ದೆ ಬಿಟ್ಟಿದೆ." ಮಾಳವ್ವೆ ಅಂದ್ರೆ ನಿಂಗಾಜಮ್ಮನ ಮುತ್ತಜ್ಜಿ.

ಪಾರುಪತ್ಯಗಾರ ಪುಸ್ತಕ ಬಿಚ್ಚಿದ. ಮುಂದಿಂದ ನೋಡಿದ, ಹಿಂದಿಂದ ನೋಡಿದ, ನಡುವಿಂದ ನೋಡಿದ. ಗುಳುಮಣೆ ಇಲ್ಲ.

"ಏನಮ್ಮ, ಇಂಥ ಮಾತೇ ಇಲ್ವಲ್ಲ! ಮಾತೇ ಇಲ್ಲ ಅಂದ್ಮೇಲೆ ನಿನಗೆ ಗದ್ದೆ ಎಲ್ಲಿಂದ ಬಂತು?"

"ಅದಾ ಬುದ್ಧಿ, ಗುಳುಮಣೆ ಅಂದ್ರೆ..."

"ನಿಲ್ಸು. ನಿನಗೆ ಓದಕ್ಕೆ ಬರುತ್ತಾ?"

"ಇಲ್ಲ ಬುದ್ಧಿ."

"ಮತ್ತೆ ಅರ್ಥ ಹೇಳಕ್ಕೆ ಹೊರಟಿದ್ದೀಯಲ್ಲ! ನಡಿ ಆಸ್ಥಾನಕ್ಕೆ."

ನಡೆದಳು. ಗದ್ದೆಯಲ್ಲಿ ಭತ್ತದ ತೆನೆ ಹಾಲುಗಟ್ಟಿತ್ತು. ತಿರುತಿರುಗಿ ನೋಡ್ತಾ ನಡೆದಳು ಪಾಪ.

ಆಸ್ಥಾನದಲ್ಲಿ ರಾಜನಿಗೆ ಪೇಚಿಗಿಟ್ಟುಕೊಂಡಿತು. ಮಾತು ಇಲ್ಲ ಅಂದ್ರೆ ಮುತ್ತಾತ ಹುಚ್ಚ. ಮಾತು ಇದೆ ಅಂದ್ರೆ ಪುಸ್ತಕ ದಂಡ. ಪಂಡಿತರ ಕಡೆ ತಿರುಗಿ, "ಇದರ ಅರ್ಥವೇನು?" ಅಂದ. ಈಗ ನೋಡಿ ತಮಾಷೆ. 'ಗೊತ್ತಿಲ್ಲ' ಅನ್ನೋ ಮಾತು ನಿಘಂಟಿನಲ್ಲಿತ್ತು, ಪಂಡಿತರ ಬಾಯಲ್ಲಿ ಇರಲಿಲ್ಲ. ಮೂರು ದಿನ ಗಡುವು ತಗೊಂಡ್ರು.

ಮೊದಲನೇ ದಿನ ಗುಂಡಪಂಡಿತ ಬಂದ. ಹೊಟ್ಟೆ ಮೊದಲು ಬಂತು, ಆಮೇಲೆ ಅವನು ಬಂದ.

"ಮಹಾಪ್ರಭು! ಗುಳು ಅಂದ್ರೆ ಗುಳುಂ ಅಂತ ನುಂಗೋದು. ಮಣೆ ಅಂದ್ರೆ ಕೂರೋದು. ಕೂತು ನುಂಗೋದೇ ಗುಳುಮಣೆ! ಸೀಮೆಯಲ್ಲಿ ಎಲ್ಲೇ ಔತಣ ಆಗಲಿ, ಮೊದಲ ಎಲೆ ಮುಂದೆ ಕೂರೋ ಹಕ್ಕು."

ನಿಂಗಾಜಮ್ಮ ಕಂಬದ ಪಕ್ಕದಿಂದ, "ಅದಲ್ಲ ಬುದ್ಧಿ, ನಾನು ಹೇಳ್ಲಾ?" ಅಂದಳು.

"ಪಂಡಿತರು ಮಾತಾಡುವಾಗ ಬಾಯಿ ಹಾಕಬಾರದು," ಅಂದ ಪಾರುಪತ್ಯಗಾರ.

ಎರಡನೇ ದಿನ ಸರಸಕವಿ ಬಂದ. ಹನ್ನೆರಡು ವರ್ಷದಿಂದ ಒಂದು ಶಾಲಿಗಾಗಿ ಕಾದು ಕತ್ತು ಉದ್ದ ಆಗಿತ್ತು.

"ಮಹಾಪ್ರಭು! ಗುಳುಮಣೆ ಅಂದ್ರೆ ಬಿರುದು. ಅದು ಇದ್ದೋರಿಗೆ ಜರತಾರಿ ಶಾಲು, ಪಲ್ಲಕ್ಕಿ, ಹಿಂದೆ ಮುಂದೆ ಕಹಳೆ."

"ಅದೂ ಅಲ್ಲ ಬುದ್ಧಿ, ನಾನು ಹೇಳ್ಲಾ?"

"ಕವಿತೆ ನಿನಗೆ ಅರ್ಥ ಆಗಲ್ಲ, ಸುಮ್ನಿರು," ಅಂದ ಕವಿ.

ಮೂರನೇ ದಿನ ರಾಜಗುರು ವಾಗೀಶ ಬಂದ. ಅವನಿಗೆ ಊಟವೂ ಸಾಲದು, ಶಾಲೂ ಸಾಲದು.

"ಗುಳುಮಣೆ ಅಂದ್ರೆ ಒಡೆತನ, ಮಹಾಪ್ರಭು. ಕೆರೆ, ಕೆರೆ ನೀರು, ನೀರು ಹರಿಯೋ ಗದ್ದೆ, ಗದ್ದೆ ನಡುವಿನ ಊರು, ಎಲ್ಲದರ ಒಡೆತನ. ಇಷ್ಟು ದೊಡ್ಡದು ಒಂದು ಅಕ್ಷರ ಬಾರದ ಹೆಂಗಸಿನ ಕೈಲಿದೆಯಲ್ಲ! ತಾವು ಮಲಗಿ ನಿದ್ದೆ ಹೇಗೆ ಮಾಡ್ತೀರಿ?"

ಆಸ್ಥಾನ ಬಾಯಿ ಬಿಟ್ಟಿತು. ಮೂರರಲ್ಲಿ ದೊಡ್ಡ ಅರ್ಥವೇ ನಿಜವಾದ ಅರ್ಥ ಅಂತ ಎಲ್ಲರೂ ಗೋಣು ಹಾಕಿದ್ರು. ಅಲ್ಲ, ದೊಡ್ಡದು ಅಂದ್ರೆ ಸಾಕು, ಗೋಣು ಹಾಕೋರು ಎಷ್ಟು ಬೇಕು ನಿಮಗೆ?

ನಿಂಗಾಜಮ್ಮ ಈ ಸಲ ರಾಜನ ಮುಖವನ್ನೇ ನೋಡಿ ಕೇಳಿದಳು. "ಬುದ್ಧಿ, ನಾನು ಒಂದು ಮಾತು ಹೇಳ್ಲಾ?"

"ಆಮೇಲೆ ಹೇಳುವೆಯಂತೆ," ಅಂದ ರಾಜ. ಎಂಥ ಮಾತು ನೋಡಿ ಅದು. ಬೈದಿದ್ರೂ ಅವಳಿಗೆ ಅಷ್ಟು ನೋವಾಗ್ತಿರಲಿಲ್ಲ.

ಅರ್ಥ ಬಲ್ಲೋರ ಕೈಲೇ ಇರಲಿ ಅಂತ ರಾಜ ಅಪ್ಪಣೆ ಕೊಟ್ಟ. ಗುಳುಮಣೆ ಮೂವರು ಪಂಡಿತರಿಗೆ ಸೇರಿತು, ಜೊತೆಗೆ ಗದ್ದೆಯೂ ಸೇರಿತು. ನಿಂಗಾಜಮ್ಮ ಕೈ ಮುಗಿದಳು. "ಆಗಲಿ ಸ್ವಾಮಿ. ಇದು ಕೈ ಬದಲಾಗಬೇಕಾದ್ರೆ ನಮ್ಮಲ್ಲೊಂದು ಪದ್ಧತಿ. ತಗೊಳ್ಳೋರು ಕೆರೆ ನೀರನ್ನ ಬೊಗಸೆಯಲ್ಲಿ ಹಿಡಿದು, ಊರ ಮುಂದೆ ಮೂರು ಸಲ 'ನನ್ನದು' ಅನ್ನಬೇಕು. ನಮ್ಮವ್ವ ಕೊಟ್ಟಾಗ ನಾನೂ ಅಂದಿದ್ದೆ."

ಪಂಡಿತರು ಓಡಿ ಬಂದ್ರು. ಬೊಗಸೆ ಒಡ್ಡಿದ್ರು. ನನ್ನದು, ನನ್ನದು, ನನ್ನದು! ಊರು ಕೇಳಿತು. ಬಲ್ಲ ಮುದುಕರು ಒಬ್ಬರ ಮುಖ ಒಬ್ಬರು ನೋಡ್ಕೊಂಡು ಸುಮ್ನಾದ್ರು. ಅವರನ್ನೂ ಯಾರೂ ಕೇಳಿರಲಿಲ್ಲ.

ಚಿತ್ತೆ ಮಳೆ ಹಿಡೀತು. ಒಂದು ದಿನ ಹುಯ್ತು, ಎರಡು ದಿನ ಹುಯ್ತು, ಮೂರನೇ ದಿನ ಮಧ್ಯಾಹ್ನದ ಹೊತ್ತಿಗೆ ಕೆರೆ ತುಂಬಿ ಕೋಡಿ ಬಿತ್ತು. ಕೋಡಿಯಲ್ಲಿ ಹೋಗೋದಕ್ಕಿಂತ ಹಳ್ಳದಿಂದ ಬರೋ ನೀರೇ ಹೆಚ್ಚು. ಏರಿ ಅಲ್ಲಲ್ಲಿ ಜಿನುಗಕ್ಕೆ ಶುರುವಾಯ್ತು. ಏರಿ ಒಡೆದ್ರೆ ಕೆಳಗಿನ ಊರಿಗೆ ಊರೇ ಹೋಯ್ತು. ಜನ ಅರಮನೆ ಬಾಗಿಲಿಗೆ ಓಡಿದ್ರು.

"ಗುಳುಮಣೆ ಯಾರದು?"

"ನಮ್ಮದು!" ಅಂದ್ರು ಮೂವರೂ ಒಟ್ಟಿಗೆ. ಗುಂಡಪಂಡಿತ ಊಟಕ್ಕೆ ಕರೀತಾರೆ ಅಂತ ಎಲೆವಸ್ತ್ರ ಹೆಗಲಿಗೆ ಹಾಕ್ಕೊಂಡ. ಕವಿ ಪಲ್ಲಕ್ಕಿ ಎಲ್ಲಿ ಅಂತ ಇಣುಕಿದ. ಜನ ಮೂವರನ್ನೂ ರಟ್ಟೆ ಹಿಡಿದು ಏರಿ ಮೇಲೆ ತಂದು ನಿಲ್ಲಿಸಿದ್ರು. ರಾಜನೂ ನೆನೀತಾ ಹಿಂದೆಯೇ ಬಂದ.

"ಇಳೀರಿ," ಅಂದ್ರು ಜನ.

"ಎಲ್ಲಿಗೆ?"

"ಕೆರೆಗೆ!"

ಮೂವರಿಗೂ ಮಳೆಯಲ್ಲೇ ಬೆವರು ಬಂತು. ಗುಂಡಪಂಡಿತ, "ನನ್ನ ಅರ್ಥ ಚಿಕ್ಕದು, ನನ್ನನ್ನ ಬಿಟ್ಬಿಡಿ" ಅಂದ. ಕವಿ, "ಬಿರುದು ಇದ್ದೋರು ನೀರಿಗೆ ಇಳಿಯೋದಿಲ್ಲ" ಅಂದ. ರಾಜಗುರು ಒಂದೊಂದೇ ಹೆಜ್ಜೆ ಹಿಂದಕ್ಕೆ ಸರಿದ.

ರಾಜ ಆಗ ನಿಂಗಾಜಮ್ಮನ ಗುಡಿಸಲ ಮುಂದೆ ಹೋಗಿ ನಿಂತ. ಕಿರೀಟದಿಂದ ನೀರು ಸೋರ್ತಿತ್ತು.

"ತಾಯಿ, ಗುಳುಮಣೆ ಅಂದ್ರೆ ಏನು?"

ನಿಂಗಾಜಮ್ಮ ಅವನನ್ನ ನೋಡಿದಳು. ಅವಳ ಕಣ್ಣು ತುಂಬಿಕೊಂಡವು. ಸಿಟ್ಟೋ ದುಃಖವೋ ಅವಳಿಗೇ ಗೊತ್ತಾಗಲಿಲ್ಲ.

"ಕೆರೆ ಮೀರಿ ಬಂದಾಗ ಒಂದೇ ಉಸಿರಲ್ಲಿ ತಳಕ್ಕೆ ಮುಳುಗಿ, ತೂಬಿನ ಬಾಯಿಗೆ ಬಡಿದಿರೋ ಬೆಣೆ ಕಿತ್ತು, ನೀರು ಬಿಟ್ಟು ಬರೋದು ಬುದ್ಧಿ. ನಮ್ಮಜ್ಜಿ ಮುಳುಗಿದಳು, ಎದ್ದು ಬರಲಿಲ್ಲ. ನಮ್ಮವ್ವ ಮುಳುಗಿದಳು. ನಾನು ಏಳು ಸಲ ಮುಳುಗಿದ್ದೀನಿ. ಆ ತುಂಡು ಗದ್ದೆ ಅದಕ್ಕೆ ಕೊಟ್ಟದ್ದು."

ರಾಜ ತಲೆ ತಗ್ಗಿಸಿದ. ಗದ್ದೆ ಕಿತ್ಕೊಂಡೋರಿಗಾಗಿ ಇವಳು ಯಾಕೆ ಮುಳುಗಬೇಕು? ನೀವಾಗಿದ್ರೆ ಮುಳುಗ್ತಿದ್ರಾ? ನಾನಂತೂ ಇಲ್ಲಪ್ಪ. ಆದರೆ ಕೆಳಗೆ ಊರಿತ್ತು, ಊರಲ್ಲಿ ತೊಟ್ಟಿಲುಗಳಿದ್ವು. ಸೀರೆ ಕಚ್ಚೆ ಹಾಕಿದಳು, ಸೊಂಟಕ್ಕೆ ಹಗ್ಗ ಬಿಗಿದಳು. ಹಗ್ಗದ ಇನ್ನೊಂದು ತುದಿ ಹಿಡಿಯಕ್ಕೆ ಗಟ್ಟಿ ಗಂಡಸರು ಮುಂದೆ ಬಂದ್ರು.

"ನೀವು ಬೇಡ. ಮೂರು ಸಲ ನನ್ನದು ಅಂದೋರು ಹಿಡೀಲಿ," ಅಂದಳು.

"ಅಯ್ಯೋ ಬೇಡ ಕಣಕ್ಕ, ಬಿಟ್ಬಿಡ್ತಾರೆ!" ಅಂತ ಊರು ಕೂಗ್ತು.

"ಬಿಟ್ರೆ ನನ್ನ ಜೀವ ಹೋಗುತ್ತೆ. ಇನ್ಮೇಲಾದ್ರೂ ಆ ಮಾತಿನ ಅರ್ಥ ಮರೆಯಲ್ಲ ಅವರು," ಅಂದವಳೇ ಮುಳುಗಿದಳು.

ಈಗ ಏರಿ ಮೇಲೆ ಉಳಿದದ್ದು ಒಂದು ಹಗ್ಗ, ಮೂವರು ಪಂಡಿತರು. ನೀರು ಎಳೀತು. ಪಂಡಿತರು ಕೆಸರಲ್ಲಿ ಜಾರಿದ್ರು. ಗುಂಡಪಂಡಿತ ಹಗ್ಗವನ್ನ ಹೊಟ್ಟೆಗೆ ಸುತ್ಕೊಂಡು ಧೊಪ್ಪಂತ ಕೂತುಬಿಟ್ಟ. ಹನ್ನೆರಡು ವರ್ಷದ ಅರಮನೆ ಊಟ, ಅವನನ್ನ ಯಾವ ಕೆರೆ ಕದಲಿಸುತ್ತೆ? ಕವಿ ಮಾತ್ರೆ ಎಣಿಸೋದರಲ್ಲಿ ಗಟ್ಟಿಗ. ಅವಳ ಉಸಿರು ಎಷ್ಟಾಯ್ತು ಅಂತ ಬೆರಳಲ್ಲಿ ಎಣಿಸಕ್ಕೆ ಹಿಡಿದ. ಮುಂದೆ ನಿಂತಿದ್ದೋನು ರಾಜಗುರು. ಹಗ್ಗ ಅವನ ಅಂಗೈ ಸುಲೀತು. ರಕ್ತ ಬಂತು. ಬಿಡಲಿಲ್ಲ. ನಲವತ್ತಾಯ್ತು, ಅರವತ್ತಾಯ್ತು, ಎಂಬತ್ತಾಯ್ತು. ಕವಿಗೆ ಬೆರಳು ಸಾಲದಾಯ್ತು. ಅಷ್ಟರಲ್ಲಿ ಏರಿ ಆಚೆ ತೂಬಿನಿಂದ ಭೋರಂತ ನೀರು ನುಗ್ಗಿತು.

"ಎಳೀರೋ! ಎಳೀರೋ ಅಮ್ಮನ್ನ!" ಅಂತ ಕಿರುಚಿದ್ದು ಯಾರು ಗೊತ್ತಾ? ರಾಜಗುರು. ಮೂವರೂ ಎಳೆದ್ರು. ನಿಂಗಾಜಮ್ಮ ಮೇಲೆ ಬಂದಳು, ಕೆಮ್ಮಿದಳು, ಉಸಿರು ಎಳ್ಕೊಂಡಳು. ರಾಜಗುರು ಅವಳ ಕಾಲ ಹತ್ತಿರ ಕೆಸರಲ್ಲಿ ಕೂತು ಮಗು ಹಾಗೆ ಅತ್ತ.

ಊರು ಉಳೀತು. ಅವತ್ತೇ ರಾಜ ಗದ್ದೆ ವಾಪಸ್ ಕೊಟ್ಟ. ಗದ್ದೆ ಮೇಲೆ ನೀರು ನಿಂತು ಆ ಸಲದ ಭತ್ತ ಹೋಗಿತ್ತು. ಅದಕ್ಕೆ ಮುಂದಿನ ಸುಗ್ಗಿವರೆಗೆ ಅವಳ ಅನ್ನ ಅರಮನೆಯಿಂದ ಬರಲಿ ಅಂದ. ಪಂಡಿತರಿಗೆ ಏನು ಶಿಕ್ಷೆ ಕೊಡಲಿ ಅಂತ ಅವಳನ್ನೇ ಕೇಳಿದ. ಈಗ ಕೇಳೋದು ಕಲಿತಿದ್ನಲ್ಲ!

"ಶಿಕ್ಷೆ ಯಾಕೆ ಬುದ್ಧಿ? ಹಗ್ಗ ಬಿಡಲಿಲ್ಲ ಅವರು. ಮಳೆಗಾಲಕ್ಕೆ ಇಲ್ಲೇ ಇರಲಿ," ಅಂದಳು.

ಇದ್ರು. ಮೂರು ಮಳೆಗಾಲ ಕಳೆದ ಮೇಲೆ ಪಕ್ಕದ ಸೀಮೆಯಿಂದ ಒಬ್ಬ ಹೊಸ ವಿದ್ವಾಂಸ ಬಂದ. ಕೈಯಲ್ಲಿ ತಾಳೆಗರಿ, ಬರೆಯೋ ಕಂಟ, ಮೈಮೇಲೆ ಮಡಿ ಪಂಚೆ. ಏರಿ ಮೇಲೆ ಹಗ್ಗ ಹೊಸೀತಾ ಕೂತಿದ್ದ ಮುದುಕನ ಮುಂದೆ ನಿಂತ.

"ಸ್ವಾಮಿ, ನಿಮ್ಮ ನಿಘಂಟಿನಲ್ಲಿ ಗುಳುಮಣೆ ಅಂತ ಬರೆದು ಮುಂದೆ ಜಾಗ ಖಾಲಿ ಬಿಟ್ಟಿದ್ದೀರಲ್ಲ. ಅದರ ಅರ್ಥ ಏನು?"

ಮುದುಕ ಆಕಾಶ ನೋಡಿದ. ಮೂಡಣ ಕಡೆ ಕಪ್ಪಿಟ್ಟಿತ್ತು.

"ಒಳ್ಳೇ ಹೊತ್ತಿಗೆ ಬಂದ್ರಿ," ಅಂದ ರಾಜಗುರು. "ಆ ತಾಳೆಗರಿ ಕೆಳಗಿಡಿ. ಪಂಚೆ ಮೇಲೆ ಕಟ್ಟಿ. ಈ ತುದಿ ಹಿಡ್ಕೊಳ್ಳಿ."

ಅವರ ಕೆರೆ ಅವರಿಗೆ ತುಂಬಿರಲಿ, ನಮ್ಮ ಬಾಯಿ ನಮಗೆ ಒಣಗಿತು. ಹೂಂಗುಟ್ಟಿದೋರು ಮನೆಗೆ ಹೋಗಿ, ಗೋಡೆ ಕಡೆ ಮಲಗಿದೋರನ್ನ ಎಬ್ಬಿಸ್ಕೊಂಡು ಹೋಗಿ.