ಗಂಡನಿಗಿಟ್ಟ ಎಡೆ

ಇದು ಅವರಿವರು ಹೇಳಿದ್ದಲ್ಲ, ನಮ್ಮ ದೊಡ್ಡಮ್ಮನ ಮಗಳು, ಅಕ್ಕನಿಗೇ ಆದದ್ದು. ಇಸ್ತ್ರಿ ಕೆಲಸ ಅವಳದ್ದು. ಅವತ್ತು ಮನೆಮನೆಗೆ ಬಟ್ಟೆ ಮುಟ್ಟಿಸಿ ವಾಪಸ್ ಬರುವಾಗ ರಾತ್ರಿ ಹನ್ನೊಂದು ದಾಟಿತ್ತು. ಓಣಿಯ ಬಾವಿ ಹತ್ತಿರ ಗಂಡನ ಅಣ್ಣ, ಲಾರಿ ಡ್ರೈವರು, ಕಾಯುತ್ತ ನಿಂತಿದ್ದ.

"ತಮ್ಮ ಹೋಗಿ ಇವತ್ತಿಗೆ ವರ್ಷ ಆಯ್ತಮ್ಮ. ಎಡೆ ಇಡಲ್ವಾ?"

"ಬದುಕಿದ್ದಾಗ ಬಡಿಸಿದ ತಟ್ಟೇನೆಲ್ಲ ನನ್ನ ಮುಖಕ್ಕೇ ಎಸೆದ, ಭಾವ. ಸತ್ತ ಮೇಲೂ ಬಡಿಸ್ಬೇಕಾ?"

"ಮೆಲ್ಲಗೆ..."

ಕುಡಿದು ಅವಳನ್ನು ಅಟ್ಟಿಸಿಕೊಂಡು ಬಂದ ಗಂಡ ಬಿದ್ದು ಸತ್ತದ್ದು ಇದೇ ಬಾವಿಗೆ. ಈಗ ಅದರ ಮೇಲೆ ಕಬ್ಬಿಣದ ಜಾಲರಿ. ಒಳಗಿಂದ ಯಾರೋ ಉಗುರಲ್ಲಿ ತಟ್ಟಿದ ಹಾಗೆ... ಟಣ್. ಟಣ್.

ಇಬ್ಬರೂ ಎದ್ದೆವೋ ಬಿದ್ದೆವೋ ಅಂತ ಮನೆಗೆ ಓಡಿದರು.

ಫೋಟೋ ಇರಲಿಲ್ಲ. ಮೊಬೈಲಲ್ಲಿ ಅವನ ಚಿತ್ರ ತೆರೆದು ಅದನ್ನೇ ಗೋಡೆಗೆ ಒರಗಿಸಿದಳು. ದೀಪ ಹಚ್ಚಿ, ಅನ್ನ, ಹುರಿದ ಮೀನು ಬಡಿಸಿ, ಬಾಗಿಲು ಎಳೆದುಕೊಂಡು ಇಬ್ಬರೂ ಹೊರಗೆ ಕೂತರು. ಸತ್ತವರು ಉಣ್ಣುವಾಗ ನೋಡಬಾರದು.

ಚಪ್... ಚಪ್... ಅಗಿಯುವ ಸದ್ದು. ಆಮೇಲೆ ಏನೂ ಇಲ್ಲ. ಆಮೇಲೆ... ಢಣಾರ್! ತಟ್ಟೆ ಗೋಡೆಗೆ ಬಡಿಯಿತು.

"ಉಪ್ಪು ಜಾಸ್ತಿಯಾಯ್ತೇನೋ," ಅಂದಳು ಅಕ್ಕ.

ಡ್ರೈವರು ಒಳಗೆ ಹೋದ. "ತಮ್ಮಾ, ಸಮಾಧಾನ..." ಅಷ್ಟೇ. ಬಾಗಿಲು ಧಡಾರನೆ ಮುಚ್ಚಿತು. ಮೊದಲು ಬೆಲ್ಟಿನ ಬಕ್ಕಲ್ಲಿನ ಕಿಣಿಕಿಣಿ. ಹಿಂದೆಯೇ ಛಟೀರ್! ಛಟೀರ್!

"ಸತ್ತೆನಮ್ಮಾ!"

ಒಂಬತ್ತು ವರ್ಷ ಆ ಕಿಣಿಕಿಣಿ ಕೇಳಿದರೆ ಸಾಕು, ಮೂಲೆ ಸೇರುತ್ತಿದ್ದವಳು ಅವಳು. ಅವತ್ತು ಮಾತ್ರ ಜಗಲಿ ಮೇಲಿದ್ದ ಇಸ್ತ್ರಿ ಪೆಟ್ಟಿಗೆ ಎತ್ತಿಕೊಂಡಳು. ಆರು ಕೆಜಿ ಹಿತ್ತಾಳೆ. ಬಾಗಿಲಿಗೆ ಜಾಡಿಸಿ ಒದ್ದಳು.

ಭಾವ ಮಂಚದ ಪಕ್ಕ ಮುದುಡಿ ಬಿದ್ದಿದ್ದ, ಕಿವಿಯಿಂದ ರಕ್ತ. ಬೇರೆ ಯಾರೂ ಇಲ್ಲ... ಹೆಂಡದ ವಾಸನೆ ಮಾತ್ರ. ಹಿಂದಿನಿಂದ ಯಾರೋ ಅವಳ ಜಡೆ ಹಿಡಿದು ಜಗ್ಗಿದರು. ತಿರುಗಿ ಬೀಸಿದಳು. ಖಾಲಿ ಗಾಳಿಗೆ... ಠಪ್! ತಗುಲಿತು. ಇನ್ನೊಮ್ಮೆ ಬೀಸಿದಳು. ಲಟಕ್! ಕೈ ಸೋಲುವ ತನಕ ಬೀಸಿದಳು.

"ಉಂಡೆಯಲ್ಲ? ಹೊರಡು! ಇನ್ನು ಈ ಮನೇಲಿ ನಿಂಗೆ ಅಗುಳೂ ಇಲ್ಲ!"

ಯಾರೋ ಕುಂಯ್ ಅಂದರು. ಕಾಲೆಳೆದುಕೊಂಡು ಹೊಸ್ತಿಲು ದಾಟಿದ ಸದ್ದು... ಸರ್ರ್... ಸರ್ರ್...

ಬೆಳಿಗ್ಗೆ ಕಸ ಗುಡಿಸುವಾಗ ಒಂದು ದವಡೆ ಹಲ್ಲು ಸಿಕ್ಕಿತು. ಬೇರು ಸಮೇತ, ಹಸಿ ರಕ್ತ. ಭಾವನ ಬಾಯಿ ಅಗಲಿಸಿ ನೋಡಿದರು, ಒಂದೂ ಹೋಗಿರಲಿಲ್ಲ. ಅಕ್ಕನದ್ದೂ ಎಲ್ಲ ನೆಟ್ಟಗಿದ್ದವು.

ನಂಬಿದರೆ ನಂಬಿ, ಬಿಟ್ಟರೆ ಬಿಡಿ... ಆ ಹಲ್ಲನ್ನ ನಾನೇ ಕೈಯಲ್ಲಿ ಹಿಡಿದು ನೋಡಿದ್ದೀನಿ. ಬೆಚ್ಚಗಿತ್ತು.