ನೋಡದ ಜಿಲ್ಲೆಗೆ ನಾನು ಮೇಡಂ

ಅಲ್ಲ, ಎಸಿ ಕೆಟ್ಟಿದ್ದಕ್ಕೇ ಇಷ್ಟು ರಂಪ ಮಾಡೋದಾದ್ರೆ ಮುಂದೆ ನಿಮ್ಮ ಗತಿ ಏನು ಅಂತ. ರಿಪೇರಿಯವನು ನಾಳೆ ಬರ್ತೀನಿ ಅಂದಿದಾನೆ, ಅಲ್ಲೀವರೆಗೂ ಈ ಹಿತ್ತಲ ಪ್ಯಾಟಿಯೋದಲ್ಲೇ ಗಾಳಿಗೆ ಕೂತಿರಿ, ಈ ಸೀಡರ್ ಪಾರ್ಕ್ ಊರಲ್ಲಿ ಸೆಕೆಗೆ ಇನ್ನೂ ಯಾರೂ ಕರಗಿ ಹೋಗಿಲ್ಲ. ಏನಂದೆ ನಿಖಿಲ್? 'ಐ ವಿಶ್ ವಿ ಲಿವ್ಡ್ ಇನ್ ಸ್ವೀಡನ್'? ಎಲ್ಲಿ, ಇನ್ನೊಂದ್ಸಲ ಹೇಳು. ಸ್ವೀಡನ್ನಂತೆ. ಬೇರೆ ಯಾವ ದೇಶದ ಹೆಸರಾದ್ರೂ ಹೇಳು, ಸುಮ್ನಿರ್ತೀನಿ, ಸ್ವೀಡನ್ ವಿಷಯ ಮಾತ್ರ ನನ್ನ ಹತ್ರ ಎತ್ತಬೇಡ. ಆ ದೇಶದ ಉತ್ತರಕ್ಕೆ ಒಂದು ಜಿಲ್ಲೆ ಇದೆ, ಅದರ ಭೂಗೋಳ, ಅದರ ಹವೆ, ಅದರ ರಾಜಕೀಯ, ಮೂರನ್ನೂ ನಾನು ಇದೇ ಟೆಕ್ಸಾಸಲ್ಲಿ ನಿಂತ್ಕೊಂಡು ಪಾಠ ಮಾಡಿ ಸಂಸಾರ ನಡೆಸಿದೀನಿ, ಗೊತ್ತಾ. ಹೆಸರು ಕೇಳ್ಬೇಡಿ. ಅಷ್ಟು ದಿನ ಪಾಠ ಮಾಡಿದ್ರೂ ಆ ಹೆಸರಿಗೆ ನನ್ನ ನಾಲಿಗೆ ತಿರುಗ್ಲಿಲ್ಲ. ಕ್ಲಾಸಲ್ಲಿ 'ದ ಕೌಂಟಿ' ಅಂತಿದ್ದೆ, ಮನೇಲಿ 'ಆ ಹಾಳು ಜಿಲ್ಲೆ' ಅಂತಿದ್ದೆ. 'ಡಿಡ್ ಯು ಗೋ ದೇರ್ ಅಜ್ಜಿ?' ಎಲ್ಲಿಂದ ಹೋಗ್ಲಿ. ಅದುವರೆಗೂ ನಾನು ಐಸ್ ಅನ್ನೋದನ್ನ ಫ್ರೀಜರ್ ಒಳಗೆ ಮಾತ್ರ ನೋಡಿದ್ದೆ.

ನಿಮ್ಮಮ್ಮ ಆಗ ಇಲ್ಲೇ ಪಕ್ಕದ ಆಸ್ಟಿನ್ನಲ್ಲಿ ಕಾಲೇಜು ಓದ್ತಿದ್ಳು. ನಾವಿಬ್ರು ಡಲ್ಲಾಸಲ್ಲಿ. ಅಲ್ಲ, ಬಾಯಲ್ಲಿ ಡಲ್ಲಾಸ್ ಅಂತೀವಿ ಅಷ್ಟೆ, ಮನೆ ಇದ್ದದ್ದು ಪ್ಲೇನೋದಲ್ಲಿ, ಒಂದು ಅಪಾರ್ಟ್‌ಮೆಂಟು. ಎರಡು ಸಾವಿರದ ಒಂದನೇ ಇಸವಿ. ಟೆಲಿಫೋನ್ ಕಂಪನಿಗಳೆಲ್ಲ ಒಂದಾದ್ಮೇಲೊಂದು ಮಕಾಡೆ ಮಲಗಿದ ವರ್ಷ. ಅದರ ಹಿಂದಿನ ವರ್ಷ ತಾನೇ ದೊಡ್ಡ ದೊಡ್ಡ ಮಾತಾಡಿದ್ರು, ಪ್ರಪಂಚಾನೇ ತಂತಿ ಮೇಲೆ ನಿಲ್ಲಿಸ್ತೀವಿ ಅಂತ. ನಿಮ್ಮ ತಾತನ ಕೈಗೆ ಒಂದು ಶುಕ್ರವಾರ ಸಾಮಾನು ತುಂಬ್ಕೊಳ್ಳೋಕೆ ರಟ್ಟಿನ ಡಬ್ಬ ಕೊಟ್ಟು, ಕೆಲಸದಿಂದ ತೆಗೆದು ಮನೆಗೆ ಕಳಿಸಿದ್ರು. ತಾತ ಒಳಗೆ ಕೂತು ಕೇಳಿಸ್ಕೋತಿದಾರೆ, ಕೇಳಿಸ್ಕೊಳ್ಳಲಿ. ಮಹಾನುಭಾವರು ಅವತ್ತಿಂದ ಸೋಫಾ ಬಿಟ್ಟು ಏಳ್ಲಿಲ್ಲ. 'ಮಾರ್ಕೆಟ್ ಸುಧಾರಿಸುತ್ತೆ ಕಣೇ, ಸ್ವಲ್ಪ ತಾಳ್ಮೆ ಇರ್ಲಿ.' ತಾಳ್ಮೆ ಕುಕ್ಕರಲ್ಲಿ ಇಟ್ರೆ ಅನ್ನ ಆಗುತ್ತೇನ್ರೀ ಅಂದೆ. ನಾನು ಮೈಸೂರಲ್ಲಿ ಹೆಣ್ಮಕ್ಕಳ ಕಾಲೇಜಲ್ಲಿ ಭೂಗೋಳದ ಲೆಕ್ಚರರ್ ಆಗಿದ್ದವಳು, ಇಲ್ಲಿ ಅದಕ್ಕೆ ಕವಡೆ ಕಿಮ್ಮತ್ತಿಲ್ಲ. ಕೇಳಿದ ಕಡೆಯೆಲ್ಲ ನಗ್ತಾ ನಗ್ತಾ ಇಲ್ಲ ಅಂದ್ರು, ಈ ಊರಲ್ಲಿ ಇಲ್ಲ ಅನ್ನೋದನ್ನೂ ಹಲ್ಲು ಕಿರಿದೇ ಹೇಳ್ತಾರೆ.

ಆಮೇಲೆ ಸಿಕ್ಕಿದ ಈ ಗ್ಯಾರಿ. ಪಕ್ಕದ ರಿಚರ್ಡ್‌ಸನ್ ಅನ್ನೋ ಊರಲ್ಲಿ ಒಂದು ಚಿಕ್ಕ ಆಫೀಸ್ ಇಟ್ಕೊಂಡಿದ್ದ. ಆಫೀಸಿನ ಕೆಲಸ ಏನಪ್ಪಾ ಅಂದ್ರೆ, ಕಂಪನಿಯವರು ಬೇರೆ ದೇಶಕ್ಕೆ ವರ್ಗ ಮಾಡಿದ ಸಂಸಾರಗಳಿಗೆ, ಹೋಗೋ ಮುಂಚೆ ಆ ಊರಿನ ವಿಷಯ ತಿಳಿಸಿಕೊಡೋದು. ಒಂದು ಫೋನ್ ಕಂಪನಿಯವರು ಚಳೀಲಿ ಯಂತ್ರ ಕೆಲಸ ಮಾಡುತ್ತೋ ಇಲ್ವೋ ನೋಡೋಕೆ ಆ ಜಿಲ್ಲೆಯ ಒಳನಾಡಲ್ಲಿ ಒಂದು ಪುಟ್ಟ ಊರಿಗೆ ಜನಾನ ಕಳಿಸ್ತಿದ್ರು. ಗ್ಯಾರಿ ಕೇಳಿದ, 'ನೀವು ಸ್ವೀಡನ್ ನೋಡಿದೀರಾ?' ನೋಡಿಲ್ಲ ಅಂದೆ. 'ನಾನೂ ನೋಡಿಲ್ಲ, ಪರವಾಗಿಲ್ಲ' ಅಂದ. ಆಯ್ತು, ಕೆಲಸ ಸಿಕ್ತು. ಎಲ್ಲರ ಮುಂದೆ ನನ್ನನ್ನ ಡಾಕ್ಟರ್ ರಾವ್ ಅಂತ ಕರೀತಿದ್ದ. ನಾನು ಬರೀ ಎಂ.ಎ. ಕಣಪ್ಪಾ ಅಂದ್ರೆ, 'ನೀವು ಕನ್ನಡಕ ಹಾಕ್ತೀರಲ್ಲ, ಸಾಕು' ಅಂತಿದ್ದ. ಅಂಥ ಮನುಷ್ಯ.

ಪಾಠಕ್ಕೆ ನಾನು ಲೈಬ್ರರೀಲಿ ಕೂತು ಓದಿದೆ, ನೋಡಿ, ಪರೀಕ್ಷೆಗೂ ಹಾಗೆ ಓದಿರ್ಲಿಲ್ಲ. ಜಿಲ್ಲೆ ಹೆಂಗಿದೆ ಅಂದ್ರೆ, ಪಶ್ಚಿಮಕ್ಕೆ ನಾರ್ವೆ ಗಡಿ, ಅಲ್ಲಿ ಬೆಟ್ಟ. ಪೂರ್ವಕ್ಕೆ ಸಮುದ್ರ, ಅದೂ ಚಳಿಗಾಲದಲ್ಲಿ ಹೆಪ್ಪುಗಟ್ಟುತ್ತೆ. ನದಿಗಳೆಲ್ಲ ಬೆಟ್ಟದಿಂದ ಹೊರಟು, ಬಾಚಣಿಗೆಯಲ್ಲಿ ಬಾಚಿದ ಹಾಗೆ ಒಂದರ ಪಕ್ಕ ಒಂದು ಸಮುದ್ರಕ್ಕೆ ಹೋಗ್ತವೆ. ಮಧ್ಯದಲ್ಲಿ ಬರೀ ಕಾಡು, ಕಾಡು, ಕಾಡು, ಅಲ್ಲಲ್ಲಿ ಕೆರೆ. ಜನ ಎಲ್ಲ ಸಮುದ್ರದ ಪಕ್ಕದ ಪೇಟೆಗಳಲ್ಲಿ ಗುಂಪಾಗಿ ಕೂತಿದಾರೆ, ಒಳನಾಡಲ್ಲಿ ಮನುಷ್ಯರಿಗಿಂತ ಮರ ಜಾಸ್ತಿ. ಇಷ್ಟು ಹೇಳಿದ್ಮೇಲೆ ಪ್ರಶ್ನೆ ಕೇಳಿ ಅಂದ್ರೆ ಏನು ಕೇಳ್ತಿದ್ರು ಗೊತ್ತಾ? ಟೆಕ್ಸಾಸಿನ ಒಬ್ಬಾಕೆ, 'ಬಾರ್ಬೆಕ್ಯೂಗೆ ಬೇಕಾದ ಕಟ್ಟಿಗೆ ಸಿಗುತ್ತಾ?' ಅಂತ. ಅಮ್ಮಾ, ಜಿಲ್ಲೆ ಪೂರ್ತಿ ಕಟ್ಟಿಗೇನೇ ಅಂದೆ. ನಮ್ಮವರು ಇನ್ನೂ ಒಂದು ಕೈ ಮೇಲೆ. 'ಆಂಟಿ, ಕರಿಬೇವು ಸಿಗುತ್ತಾ? ಕ್ರಿಕೆಟ್ ಬರುತ್ತಾ?' ಮಧ್ಯಾಹ್ನ ಸೂರ್ಯ ಮುಖ ತೋರಿಸಿ ಹೊರಟುಹೋಗೋ ಊರಲ್ಲಿ ಇವರಿಗೆ ಕರಿಬೇವಿನ ಚಿಂತೆ. ಅದೂ ಗ್ಯಾರಿ ಕತ್ತಲೆ ಅನ್ನೋ ಮಾತೇ ಆಡಬಾರದು ಅಂದಿದ್ದ. 'ಡಾರ್ಕ್ ಅನ್ಬೇಡಿ ಡಾಕ್ಟರ್ ರಾವ್, ಕೋಝಿ ಅನ್ನಿ.' ಹೊಳೆ ದಂಡೇಲಿ ಹೂ ಬಿಟ್ಟಿರೋ ಫೋಟೋಗಳಷ್ಟೇ ತೋರಿಸಿ ಅಂತ. ಅಲ್ಲಿ ಕಾರು ನಿಲ್ಲಿಸೋ ಕಡೆಯೆಲ್ಲ ಕರೆಂಟಿನ ಕಂಬ ಇರುತ್ತೆ, ಎಂಜಿನ್ ಬೆಚ್ಚಗಿಡೋಕೆ ಪ್ಲಗ್ ಹಾಕ್ಬೇಕು, ಇಲ್ದಿದ್ರೆ ಬೆಳಿಗ್ಗೆ ಗಾಡಿ ಸ್ಟಾರ್ಟೇ ಆಗಲ್ಲ ಅಂತ ನಾನು ಹೇಳಿದ್ರೆ, ಗ್ಯಾರಿ ಹಿಂದಿಂದ ಕೆಮ್ಮೋನು.

ಆ ಕ್ಲಾಸಿಗೆ ಬರ್ತಿದ್ಳು ಗಿರಿಜಾ. ಧಾರವಾಡದ ಹುಡುಗಿ, ಗಂಡ ಪ್ರಮೋದ, ಇಬ್ರೂ ನಮ್ಮ ಅಪಾರ್ಟ್‌ಮೆಂಟಲ್ಲೇ ಇದ್ದದ್ದು, ನಮ್ಮಿಂದ ಎರಡು ಬಿಲ್ಡಿಂಗ್ ಆಚೆ. ಅವಳು ಆಗಷ್ಟೇ ಬಸುರಿ. ಮೊದಲೊಂದು ಮಗು ಏಳನೇ ತಿಂಗಳಲ್ಲಿ ಹೋಗಿತ್ತು, ಬಿ.ಪಿ. ಏರಿ. ಆ ವಿಷಯ ಯಾರಿಗೂ ಹೇಳಿರ್ಲಿಲ್ಲ, ನನಗೆ ಹೇಳಿದ್ಳು. ಕ್ಲಾಸ್ ಮುಗಿದ್ಮೇಲೆ ಮೆತ್ತಗೆ ಬಂದು ನಿಂತ್ಕೊಂಡು, 'ಆಂಟಿ, ಥಂಡಿ ಇದ್ರ ಇರಲಿ ಬಿಡ್ರಿ, ಸ್ವೆಟರ್ ಹಾಕ್ಕೊಂಡ್ರಾತು. ಆ ಊರಾಗ ಹೆರಿಗಿ ಆಸ್ಪತ್ರಿ ಅದ ಅಲ್ರಿ?' ಅಂದ್ಳು. ಇದೆ ಕಣಮ್ಮ, ಪುಟ್ಟದಾದ್ರೂ ಒಳ್ಳೇದು, ಅಂದೆ. ನಾನು ಓದಿದ್ದರಲ್ಲಿ ಹಾಗೇ ಇತ್ತು. ಇಡೀ ಕ್ಲಾಸಲ್ಲಿ ಕೇಳಬೇಕಾದ್ದು ಕೇಳಿದವಳು ಅವಳೊಬ್ಬಳೇ.

ಅದಾಗಿ ಸ್ವಲ್ಪ ದಿನಕ್ಕೆ ಆ ಜಿಲ್ಲೆಯಿಂದಾನೇ ಇಬ್ಬರು ಕೌನ್ಸಿಲ್ ಸದಸ್ಯರು ಬಂದ್ರು, ಕಂಪನಿಯವರನ್ನ ಮಾತಾಡಿಸಿಕೊಂಡು ಹೋಗೋಕೆ. ಡಲ್ಲಾಸಿಗೆ, ಸುಡುಬಿಸಿಲಿನ ಜುಲೈ ತಿಂಗಳಲ್ಲಿ. ಅಷ್ಟರಲ್ಲೇ ಅವರ ಬುದ್ಧಿ ಎಷ್ಟು ಅಂತ ತಿಳ್ಕೊಳ್ಳಿ. ಒಬ್ಬ ಲಾರ್ಸ್, ಸಮುದ್ರದ ಕಡೆ ಪೇಟೆಯವನು, ನುಣ್ಣಗೆ ಬಾಚಿದ ತಲೆ. ಇನ್ನೊಬ್ಬಳು ಬಿರ್ಗಿಟ್ಟಾ, ಒಳನಾಡಿನವಳು, ನನ್ನ ವಯಸ್ಸು, ಮುಖ ಬೀಟ್‌ರೂಟ್ ಆಗಿತ್ತು ಪಾಪ. ಗ್ಯಾರಿ ಅವರನ್ನ ಟೆಕ್ಸ್-ಮೆಕ್ಸ್ ಅಂತ ಮೆಕ್ಸಿಕನ್ ಊಟದ ಹೋಟ್ಲಿಗೆ ಕರ್ಕೊಂಡು ಹೋದ, ನನ್ನನ್ನೂ ಕರೆದ, ಡಾಕ್ಟರ್ ರಾವ್ ಅಂತ ತೋರಿಸಬೇಕಲ್ಲ. ಅಲ್ಲಿಯ ರಾಜಕೀಯ ಹೆಂಗೆ ಅಂದ್ರೆ, ರಾಜಧಾನಿಯಿಂದ ಒಬ್ಬ ಗವರ್ನರ್ ಬರ್ತಾನೆ, ಜನ ಆರಿಸಿದ ಕೌನ್ಸಿಲ್ ಬೇರೆ ಇರುತ್ತೆ. ಆಸ್ಪತ್ರೆಗಳೆಲ್ಲ ಈ ಕೌನ್ಸಿಲ್ಲಿನ ಕೈಯಲ್ಲಿ. ಕಷ್ಟ ಅಂತ ಹೋದ್ರೆ ಇವರು ಅವರನ್ನ ತೋರಿಸ್ತಾರೆ, ಅವರು ಇವರನ್ನ ತೋರಿಸ್ತಾರೆ. ಈ ವಿದ್ಯೆ ನಮ್ಮವರು ಹೋಗಿ ಕಲಿಸಿದ್ದಲ್ಲ, ತಾವಾಗೇ ಕಲಿತಿದಾರೆ. ಸರಿ, ಊಟಕ್ಕೆ ಕೂತ್ರೆ ಇಬ್ರೂ ಜಗಳಕ್ಕೆ ನಿಂತ್ರು. ಜಗಳ ಅಂದ್ರೆ ಕೂಗಾಟ ಅಲ್ಲ, ಒಂದು ಮಾತು ಇವನು, ಆಮೇಲೆ ಮೌನ, ಒಂದು ಮಾತು ಅವಳು, ಆಮೇಲೆ ಮೌನ. ಶ್ರಾದ್ಧದ ಮನೇಲೂ ಇಷ್ಟು ತಣ್ಣಗೆ ಮಾತಾಡಲ್ಲ. ನಾನು ಏನು ವಿಷಯ ಅಂತ ಕೇಳಿದೆ. ಬಿರ್ಗಿಟ್ಟಾ ಇಂಗ್ಲಿಷಲ್ಲಿ ಹೇಳಿದ್ಳು, ಒಳನಾಡಿನ ಆಸ್ಪತ್ರೆಯ ಹೆರಿಗೆ ವಾರ್ಡ್ ಮುಚ್ಚಬೇಕು ಅಂತ ಪೇಟೆಯವರು ಹಟ ಹಿಡಿದಿದಾರೆ, ಅಂತ. ಲಾರ್ಸ್ ನ್ಯಾಪ್‌ಕಿನ್ನಲ್ಲಿ ಬಾಯಿ ಒರೆಸ್ಕೊಂಡು, 'ಮುಚ್ಚೋದಲ್ಲ, ಒಂದೆಡೆ ಸೇರಿಸೋದು' ಅಂದ. ಕೇಳಿದ್ರಾ ಭಾಷೆ. ಹಾಗಾದ್ರೆ ಚಳಿಗಾಲದಷ್ಟು ಹೊತ್ತಿಗೆ ಅಲ್ಲಿ ಹೆರಿಗೆ ಆಗಲ್ವಾ ಅಂತ ಬಿರ್ಗಿಟ್ಟಾನ ಕೇಳಿದೆ. ಅವಳು ಬಾಯಿ ಚೂಪು ಮಾಡಿ ಸುರ್ ಅಂತ ಗಾಳಿ ಒಳಗೆ ಎಳ್ಕೊಂಡ್ಳು. ಸಾಲ್ಸಾ ಚಟ್ನಿ ಖಾರ ಹತ್ತಿತು ಅಂದ್ಕೊಂಡು ನೀರಿನ ಗ್ಲಾಸ್ ಮುಂದಕ್ಕೆ ತಳ್ಳಿದೆ. ಅವಳು ನಕ್ಕು, 'ಅಲ್ಲ, ನಮ್ಮ ಕಡೆ ಹೌದು ಅನ್ನೋದು ಹೀಗೇ' ಅಂದ್ಳು. ಆಮೇಲೆ ನಗಲಿಲ್ಲ. 'ಪೇಟೆ ಆಸ್ಪತ್ರೆಗೆ ಎರಡು ಗಂಟೆ ದಾರಿ, ರಸ್ತೆ ಚೆನ್ನಾಗಿದ್ರೆ' ಅಂದ್ಳು.

ಗ್ಯಾರಿ ಪಾರ್ಕಿಂಗ್ ಲಾಟಲ್ಲೇ ನನ್ನ ತಡೆದ. 'ನೀವು ಅದನ್ನ ಕೇಳಿಸ್ಕೊಂಡಿಲ್ಲ, ಓಕೆ? ಇನ್ನೂ ತೀರ್ಮಾನ ಆಗಿಲ್ಲ. ಒಂದು ಸಂಸಾರ ಹಿಂದೆ ಸರಿದ್ರೆ ಕಂಪನಿ ನಮ್ಮನ್ನೇ ಬಿಡುತ್ತೆ.' ಮನೆಗೆ ಬಂದೆ. ನಿಮ್ಮ ತಾತನಿಗೆ ಹೇಳಿದೆ. ಅವರಿಗೆ ಹಿಂದಿನ ಮೂರು ತಿಂಗಳಲ್ಲಿ ಒಂದು ಇಂಟರ್‌ವ್ಯೂ ಕೂಡ ಬಂದಿರ್ಲಿಲ್ಲ, ಮಗಳ ಫೀಸು, ಬಾಡಿಗೆ, ಅಡಿಗೆ ಮನೆ, ಎಲ್ಲಾ ನನ್ನ ಪಾಠದ ಮೇಲೆ. ತಾತ ಅಂದ್ರು, 'ಊರವರ ಉಸಾಬರಿ ನಿನಗ್ಯಾಕೆ? ಡಾಕ್ಟ್ರು ನೋಡ್ಕೋತಾರೆ.' ಯಾವ ಡಾಕ್ಟ್ರು ರೀ, ಡಾಕ್ಟ್ರು ಎರಡು ಗಂಟೆ ದೂರ ಇದಾರೆ ಅಂದೆ. ನನಗೂ ಭಯ ಆಯ್ತು, ಸುಳ್ಳ್ಯಾಕೆ ಹೇಳ್ಲಿ. ಆದ್ರೆ ಆ ಹುಡುಗಿಗೆ 'ಇದೆ ಕಣಮ್ಮ' ಅಂತ ಹೇಳಿದ್ದ ಬಾಯಿ ನಂದು, ಗ್ಯಾರೀದಲ್ಲ. ಮಾರನೇ ದಿನ ಹೋಗಿ ಗಂಡ ಹೆಂಡ್ತಿ ಇಬ್ಬರನ್ನೂ ಕೂರಿಸಿ ಹೇಳ್ಬಿಟ್ಟೆ.

ಗಿರಿಜಾ ಹೊಟ್ಟೆ ಮೇಲೆ ಕೈ ಇಟ್ಕೊಂಡು ಕೂತ್ಳು. ಪ್ರಮೋದ ಸಿಡಿದ. 'ಆಂಟಿ, ನೀವು ಸುಮ್ಮ ಇರಬೇಕಿತ್ರಿ. ನಾ ಹೋಗಂಗಿಲ್ಲಂದ್ರ ನಾಳೆ ನನ್ನ ಹೆಸರೂ ಲೇಆಫ್‌ನಾಗ ಬರ್ತದ. ಈಕಿನ್ನ ಬಿಟ್ಟು ಹೆಂಗ ಹೋಗ್ಲಿ, ಕರ್ಕೊಂಡು ಹೆಂಗ ಹೋಗ್ಲಿ?' ಅವನು ಹೇಳಿದ್ದೂ ತಪ್ಪಲ್ಲ. ಕೊನೆಗೆ ಗಿರಿಜಾನೇ ಬಾಯಿ ಬಿಟ್ಟಳು, 'ನೀವು ಹೋಗ್ರಿ. ನಾ ಇಲ್ಲೇ ಇರ್ತೀನಿ.' ಅಕ್ಟೋಬರಲ್ಲಿ ಅವನು ಹೋದ, ಹೋಗುವಾಗ ನನ್ನ ಮುಖ ನೋಡ್ಲಿಲ್ಲ. ಗ್ಯಾರಿಗೆ ವಿಷಯ ತಿಳಿದು ಆ ವಾರಾನೇ ನನ್ನ ಕೆಲಸ ಹೋಯ್ತು. ಹಲ್ಲು ಕಿರಿದೇ ಕಳಿಸಿದ, 'ಆಲ್ ದ ಬೆಸ್ಟ್ ಮಿಸೆಸ್ ರಾವ್' ಅಂತ. ಡಾಕ್ಟರ್ ಪಟ್ಟಾನೂ ಕಿತ್ಕೊಂಡ, ದರಿದ್ರದವನು. ಆಮೇಲೆ ಆ ಚಳಿಗಾಲ ಪೂರ್ತಿ ನಾನು ಇಂಡಿಯನ್ ಅಂಗಡೀಲಿ ನಿಂತು ಬೇಳೆ ಪ್ಯಾಕೆಟ್ ಜೋಡಿಸಿದೆ.

ಗಿರಿಜಾಳ ಅಕ್ಕ ಹ್ಯೂಸ್ಟನ್ ಹತ್ರ ಪೇರ್‌ಲ್ಯಾಂಡಲ್ಲಿದ್ಳು. ಸಂಕ್ರಾಂತಿ ಆದ್ಮೇಲೆ ಬಂದು ಕರ್ಕೊಂಡು ಹೋಗೋದು, ಹೆರಿಗೆ ಅಲ್ಲೇ, ಫೆಬ್ರವರಿ ಕೊನೇಲಿ, ಅಂತ ಮಾತಾಗಿತ್ತು. ಸಂಕ್ರಾಂತಿಗೆ ಮುಂಚೆ ಒಂದು ಬೆಳಿಗ್ಗೆ ಎದ್ದು ನೋಡ್ತೀನಿ, ಡಲ್ಲಾಸಿಗೆ ಡಲ್ಲಾಸೇ ಐಸ್. ಗೇಣುದ್ದ ಸ್ನೋ ಕೂಡ ಅಲ್ಲ, ಗಾಜಿನ ಹಾಗೆ ತೆಳ್ಳಗೆ ಒಂದು ಪದರ, ಅಷ್ಟಕ್ಕೇ ಸ್ಕೂಲ್ ಬಂದ್, ಆಫೀಸ್ ಬಂದ್, ಅಷ್ಟೆತ್ತರದ ಟ್ರಕ್ ಇಟ್ಕೊಂಡಿರೋ ಗಂಡಸರೆಲ್ಲ ಮನೇಲಿ. ಗಿರಿಜಾ ಫೋನ್ ಮಾಡಿದ್ಳು, 'ಆಂಟಿ, ತಲಿ ಸಿಡೀಲಿಕ್ಕತ್ತದರಿ, ಕಣ್ಣು ಮಂಜಾಗ್ಯಾವ.' ಮೊದಲನೇ ಸಲಾನೂ ಹಿಂಗೇ ಶುರುವಾಗಿದ್ದು ಅಂತ ಹೇಳಿದ್ಳಲ್ಲ. ಆಂಬ್ಯುಲೆನ್ಸಿಗೆ ಫೋನ್ ಮಾಡಿದ್ರೆ, ಗಾಡಿಗಳೆಲ್ಲ ಆಕ್ಸಿಡೆಂಟಿಗೆ ಹೋಗಿವೆ, ತಡ ಆಗುತ್ತೆ ಅಂದ್ರು. ನಿಮ್ಮ ತಾತ, 'ರಸ್ತೆಗೆ ಇಳೀಬೇಡಿ ಅಂತ ಟಿವೀಲಿ ಹೇಳ್ತಿದಾರೆ ಕಣೇ.' ಟಿವೀನ ಬಸುರಿ ಮಾಡಿಲ್ವಲ್ಲ ಯಾರೂ, ಏಳ್ರೀ ಅಂದೆ. ಎದ್ದರು, ಎದ್ದು ಏನು ಮಾಡಿದ್ರು? ಕಾರಿನ ಮುಂದಿನ ಗಾಜಿಗೆ ಐಸ್ ಕಟ್ಟಿದೆ ಅಂತ ಸ್ನಾನಕ್ಕೆ ಹುಯ್ಯೋ ಹಾಗೆ ಒಂದು ಚೊಂಬು ಬಿಸಿನೀರು ಹುಯ್ದರು. ಗಾಜು ಆ ತುದಿಯಿಂದ ಈ ತುದಿಗೆ ಚಟ್ ಅಂತ ಸೀಳು ಬಿಡ್ತು. ನಗಬೇಡಿ, ಅವತ್ತು ನಂಗೆ ಅಳು ಬಂದಿತ್ತು.

ಆ ಸೀಳಿದ ಗಾಜಿನಲ್ಲೇ ನಾನು ಓಡಿಸಿದೆ. ಐಸ್ ಮೇಲೆ ಬ್ರೇಕ್ ತುಳೀಬೇಡಿ, ಕಾಲು ಹಗುರ ಇಡಿ, ಸ್ಟೀರಿಂಗ್ ಕಿತ್ತಾಡಬೇಡಿ, ಅಂತ ಎಷ್ಟು ಜನಕ್ಕೆ ಪಾಠ ಮಾಡಿದ್ದೆ, ಐಸ್ ಹೆಂಗಿರುತ್ತೆ ಅಂತ ತಿಳೀದೆ. ಗಾಡಿ ಒಂದು ಕಡೆ ಜಾರಿ ಪೂರ್ತಿ ಅಡ್ಡ ನಿಂತ್ಬಿಡ್ತು. ಪಾಠ ಮಾಡೋದು ಬೇರೆ, ಬಸುರೀನ ಕೂರಿಸ್ಕೊಂಡು ಜಾರೋದು ಬೇರೆ. ಹಿಂದೆ ಗಿರಿಜಾ, ತಾತನ ಭುಜಕ್ಕೆ ತಲೆ ಇಟ್ಕೊಂಡು 'ಅವ್ವಾ, ಅವ್ವಾ' ಅಂತಿದ್ಳು, ಆಮೇಲೆ ಅದನ್ನೂ ನಿಲ್ಲಿಸಿದ್ಳು. ದಿನಾ ಹತ್ತು ನಿಮಿಷದ ದಾರಿ. ಅವತ್ತು ಮುಕ್ಕಾಲು ಗಂಟೆ ಆಯ್ತು. ಬಾಗಿಲಲ್ಲೇ ಸ್ಟ್ರೆಚರ್ ಮೇಲೆ ಹಾಕ್ಕೊಂಡು ಒಳಗೆ ಓಡಿದ್ರು, ಆಪರೇಷನ್ ಮಾಡಿದ್ರು. ಹೆಣ್ಣು ಮಗು, ಅಂಗೈ ಅಗಲ. ಇಬ್ಬರೂ ಉಳಿದರು. ಡಾಕ್ಟರಮ್ಮ ಹೊರಗೆ ಬಂದು, 'ಇನ್ನೊಂದು ಗಂಟೆ ತಡ ಆಗಿದ್ರೆ' ಅಂತ ಅರ್ಧಕ್ಕೇ ನಿಲ್ಲಿಸಿದ್ರು.

ಸಂಜೆ ಪ್ರಮೋದನ ಫೋನ್ ಬಂತು. ಮಗು ಅಳೋದನ್ನ ಅವನಿಗೆ ಕೇಳಿಸಿದೆ. ಆಮೇಲೆ, 'ಆಂಟಿ, ಇಲ್ಲೆ ಆ ವಾರ್ಡು ಮುಚ್ಚಿಬಿಟ್ರರಿ, ಹೋದ ತಿಂಗಳ' ಅಂದ. ಹೌದಾ ಅಂದೆ. ಕೊನೆಗೆ, 'ನಿಮ್ಮದು ಊಟ ಆತೇನ್ರಿ?' ಅಂದ. ನನ್ನದು ತಪ್ಪಾಯ್ತು ಅನ್ನೋಕೆ ಈ ಗಂಡಸರಿಗೆ ಸ್ವೀಡನ್ನಿಗೆ ಹೋದ್ರೂ ಬಾಯಿ ಬರಲ್ಲ. ಆಯ್ತಪ್ಪಾ ಅಂದೆ. ಬೆಳಿಗ್ಗೆಯಿಂದ ಒಂದು ಹನಿ ಕಾಫಿ ಕೂಡ ಕುಡಿದಿರ್ಲಿಲ್ಲ. ಅದಕ್ಕೇ ಹೇಳಿದ್ದು ನಿಖಿಲ್, ಯಾವ ಊರಿಗೆ ಬೇಕಾದ್ರೂ ಹೋಗು, ಚಳಿ ಇರಲಿ ಸೆಕೆ ಇರಲಿ ಮನುಷ್ಯ ಹೇಗೋ ತಡ್ಕೋತಾನೆ. ಯಾರಾದ್ರೂ ಬಂದು ನಮ್ಮೂರಿನ ನದಿ ನೋಡಿ, ಬೆಟ್ಟ ನೋಡಿ ಅಂತ ಫೋಟೋ ಹಿಡಿದ್ರೆ, ಆಸ್ಪತ್ರೆ ಎಷ್ಟು ದೂರ ಅಂತ ಮೊದಲು ಕೇಳು, ಬೆಟ್ಟ ಆಮೇಲೆ ನೋಡಿದ್ರಾಯ್ತು. ಏಳಿ, ಕೈ ತೊಳ್ಕೊಳ್ಳಿ, ಸಾರು ಆರಿಹೋಗುತ್ತೆ.